ಟಿಪ್ಪರ್ ಬಿಟ್ಟಿರಿ, ಯಮನವ್ವನ ಕತ್ತೆಗಳನ್ನೂ ಬಿಡಿ

ಮಾನ್ಯ ಗಣಿ ಅಧಿಕಾರಿಗಳೇ,

ಕದ್ದ ಉಸುಕು ಹೊತ್ತ ನನ್ನ ಟಿಪ್ಪರನ್ನು ನೀವು ಮೂರೇ ದಿನದಲ್ಲಿ ಬಿಟ್ಟಿರಿ. ಅದೇ ಉಸುಕನ್ನು ಹೊಳೆಯಿಂದ ದಂಡೆಗೆ ಹೊತ್ತು ತಂದ ಆರು ಕತ್ತೆಗಳನ್ನು ಇನ್ನೂ ಬಿಟ್ಟಿಲ್ಲ. ಬರುವ ಸೋಮವಾರ ಅವನ್ನು ಹರಾಜು ಹಾಕುತ್ತೀರಂತೆ. ಕಳ್ಳ ಮನೆಯಲ್ಲಿ ಚಹಾ ಕುಡಿಯುತ್ತಿದ್ದಾನೆ, ಕತ್ತೆಗಳು ಸೆರೆಯಲ್ಲಿವೆ, ಎಂಥ ನ್ಯಾಯ! ಆ ಕಳ್ಳ ನಾನೇ. ಹಾಗಾಗಿ ದೂರುವ ಯೋಗ್ಯತೆ ನನಗಿಲ್ಲ ಎಂದು ನೀವು ಹೇಳಬಹುದು. ನಿಜ, ಇಲ್ಲ. ಆದರೆ ನಡೆದದ್ದು ಪೂರ್ತಿ ಗೊತ್ತಿರುವವನೂ ನಾನೇ.

ನಾನು ಇಂಡಿ ಕಡೆಯವನು. ಪುಣೆಗೆ ಬಂದು ಇಪ್ಪತ್ತೆರಡು ವರ್ಷವಾಯಿತು. ಇಲ್ಲಿಯ ಮಗರಪಟ್ಟಾ ಬಡಾವಣೆಯ ಸುತ್ತ ಮನೆ ಕಟ್ಟುವವರಿಗೆ ಉಸುಕು, ಜಲ್ಲಿ ಖಡಿ ಪೂರೈಸುತ್ತೇನೆ. ಯಮನವ್ವ ಯಾದಗಿರಿ ಕಡೆಯಾಕೆ, ಪುಣೆ ಜಿಲ್ಲೆಯ ಶಿರೂರಿನ ಆಚೆ ಹೊಳೆಯ ಪಕ್ಕ ಜೋಪಡಿ ಹಾಕಿಕೊಂಡಿದ್ದಳು. ಟಿಪ್ಪರ್ ಹೊಳೆಗೆ ಇಳಿದರೆ ಗಾಲಿ ಹೂತುಹೋಗುತ್ತದೆ, ಜನರ ಕಣ್ಣಿಗೂ ಬೀಳುತ್ತದೆ. ಅದಕ್ಕೇ ಆಕೆಯ ಕತ್ತೆಗಳು ಇಳಿಯುತ್ತಿದ್ದವು. ಮೊದಲ ದಿನವೇ ಆಕೆ, “ಪರವಾನಗಿ ಅದ ಏನ್ರಿ, ಸಾವ್ಕಾರ್ರ?” ಎಂದು ಕೇಳಿದ್ದಳು. “ಎಲ್ಲಾ ಅದ, ನೀ ಹೊರಸು” ಎಂದಿದ್ದೆ. ಯಾವ ಪರವಾನಗಿಯೂ ಇರಲಿಲ್ಲ.

ನಿಮ್ಮವರು ಬಂದು ಟಿಪ್ಪರನ್ನೂ ಕತ್ತೆಗಳನ್ನೂ ಒಟ್ಟಿಗೆ ಜಪ್ತಿ ಮಾಡಿದರು. ಅಲ್ಲಿಯವರೆಗೆ ನಿಮ್ಮ ಮೇಲೆ ನನಗೆ ತಕರಾರಿಲ್ಲ. ಮರುದಿನ ರಾಜಿ ಅರ್ಜಿ ಹಿಡಿದು ನಿಮ್ಮ ಕಚೇರಿಗೆ ಬಂದೆ. ತಪ್ಪು ಒಪ್ಪಿ ದಂಡ ಕಟ್ಟಿದರೆ ಕೋರ್ಟಿಗೆ ಅಲೆಯದೆ ಗಾಡಿ ಬಿಡಿಸಿಕೊಳ್ಳಬಹುದು. ಅರ್ಜಿಯ ಜೊತೆಗೆ ಒಂದು ಹೇಳಿಕೆ ಬರೆದುಕೊಡಬೇಕಿತ್ತು. ನಿಮ್ಮ ಗುಮಾಸ್ತರು ಸೊಲ್ಲಾಪುರದವರು, ನನ್ನ ಮೇಲಿನ ಅಕ್ಕರೆಯಿಂದ ಕನ್ನಡದಲ್ಲೇ ದಾರಿ ತೋರಿಸಿದರು: “ಕತ್ತೆಗೋಳು ನಿಮ್ಮ ಕೆಲಸಕ್ಕ ಇದ್ದವು ಅಂತ ಬರದ್ರ ಭಾಳ ದಿನ ಹಿಡೀತದರಿ. ಸಂಬಂಧ ಇಲ್ಲ ಅಂತ ಬರೀರಿ.” ನಾನು ಬರೆದೆ. ಉಸುಕು ತೆಗೆದವರು ಯಾರೋ ತಿಳಿಯದು, ದಂಡೆಯ ಮೇಲಿದ್ದುದನ್ನು ಕೊಂಡೆ, ಅಷ್ಟೇ ನನ್ನ ತಪ್ಪು ಎಂದು ಸಹಿ ಹಾಕಿದೆ. ಆ ಒಂದು ಸಹಿಯಿಂದ ಕತ್ತೆಗಳು ನಿಮ್ಮ ಲೆಕ್ಕದಲ್ಲಿ ವಾರಸುದಾರರಿಲ್ಲದ ಮಾಲಾದವು.

ಯಮನವ್ವ ಬಾಗಿಲ ಹೊರಗೇ ನಿಂತಿದ್ದಳು. “ನಮ್ಮವೂ ಬರಸ್ರಿ, ಸಾವ್ಕಾರ್ರ” ಎಂದಳು. “ಬರಸೀನಿ” ಎಂದು ಹೇಳಿ, ಆಕೆಯ ಮುಖ ನೋಡದೆ ಮೆಟ್ಟಿಲಿಳಿದೆ.

ಆಮೇಲೆ ಆಕೆ ಒಬ್ಬಳೇ ನಿಮ್ಮಲ್ಲಿಗೆ ಬಂದಳು. ಅರ್ಜಿಯಲ್ಲಿ ವಾಹನದ ನೋಂದಣಿ ಸಂಖ್ಯೆ ಬರೆಯಲು ಜಾಗವಿದೆ, ಚಾಸಿ ಸಂಖ್ಯೆಗೂ ಜಾಗವಿದೆ. ಕತ್ತೆಗೆ ಎಲ್ಲಿಂದ ತರಬೇಕು? “ಎಡಗಿವಿಗೆ ನಾನ ಕಚ್ಚು ಹಾಕೀನ್ರಿ. ಹೆಸರ ಹಿಡದ ಕರೀತೀನಿ, ಬರ್ತಾವ ನೋಡ್ರಿ” ಎಂದಳಂತೆ. ಕಚೇರಿಯಲ್ಲಿದ್ದವರೆಲ್ಲ ನಕ್ಕರಂತೆ. ಮಾನ್ಯರೇ, ನಗುವಂಥದ್ದು ಅದರಲ್ಲಿ ಏನಿತ್ತು? ನನ್ನ ಟಿಪ್ಪರ್ ಹೆಸರು ಹಿಡಿದು ಕರೆದರೆ ಬರುತ್ತದೆಯೇ? ಹತ್ತು ಗಾಲಿಯ ಕಬ್ಬಿಣದ ಜೊತೆ ರಾಜಿಯಾಗುವ ಕಾನೂನಿಗೆ ನಾಲ್ಕು ಕಾಲಿನ ಜೀವದ ಜೊತೆ ಯಾಕೆ ಹಗೆ? ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆದರು ಅನ್ನುತ್ತಾರೆ. ಬರೆ ಎಳೆದವರು ನೀವು, ಕಬ್ಬಿಣ ಕಾಯಿಸಿ ನಿಮ್ಮ ಕೈಗೆ ಕೊಟ್ಟವನು ನಾನು.

ಈಗ ಆಕೆ ಮಗರಪಟ್ಟಾದ ಹತ್ತಿರ ಬಂದು, ಅಲ್ಲೇ ಉಳಿದು ಕಟ್ಟಡದ ಕೆಲಸ ಮಾಡುತ್ತಾಳೆ. ಕತ್ತೆ ಹೊರುತ್ತಿದ್ದುದನ್ನು ತಲೆಯ ಮೇಲೆ ತಾನೇ ಹೊರುತ್ತಾಳೆ. ಮೊನ್ನೆ ನನ್ನ ಟಿಪ್ಪರ್ ಸುರಿದ ರಾಶಿಯಿಂದಲೇ ಬುಟ್ಟಿ ತುಂಬಿಕೊಳ್ಳುತ್ತಿದ್ದವಳು ನನ್ನನ್ನು ಕಂಡು ನಿಂತಳು. “ಗಾಡಿ ಬಂತೇನ್ರಿ? ಚಲೋ ಆತು. ನಮ್ಮವೂ ಬರ್ತಾವಲ್ರಿ, ನೀವು ಬರಸೀರಲ್ಲ?” ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ನನ್ನನ್ನು ನಂಬಿ ಇನ್ನೂ ಕಾಯುತ್ತಿದ್ದಾಳೆ.

ನನ್ನ ಹೇಳಿಕೆ ಸುಳ್ಳು. ಉಸುಕು ತೆಗೆಸಿದವನು ನಾನು, ಕತ್ತೆಗಳು ನನ್ನ ಕೆಲಸಕ್ಕೇ ಇದ್ದವು. ರಾಜಿಯನ್ನು ರದ್ದು ಮಾಡಿ, ನನ್ನ ಮೇಲೆ ಮೊಕದ್ದಮೆ ಹೂಡಿ. ಟಿಪ್ಪರನ್ನು ಇಂದು ಬೆಳಿಗ್ಗೆ ನಿಮ್ಮ ಅಂಗಳದಲ್ಲೇ ನಿಲ್ಲಿಸಿ ಬಂದಿದ್ದೇನೆ. ಸೋಮವಾರದ ಹರಾಜು ನಿಲ್ಲಿಸಿ ಆರೂ ಕತ್ತೆಗಳನ್ನು ಯಮನವ್ವನಿಗೆ ಒಪ್ಪಿಸಿ. ಗುರುತು ಬೇಕಿದ್ದರೆ ಆಕೆ ಕರೆಯಲಿ, ನೀವೇ ನಿಂತು ನೋಡಿ.

ಈ ಪತ್ರದ ಮರಾಠಿ ಪ್ರತಿ, ಟಿಪ್ಪರಿನ ಕೀಲಿಕೈ ಸಮೇತ ನಿಮ್ಮ ಮೇಜಿಗೆ ಬಂದಿದೆ. ಕನ್ನಡದಲ್ಲಿ ಬರೆದದ್ದು ಯಮನವ್ವನಿಗಾಗಿ. ಇವತ್ತು ಸಂಜೆ ನಾನೇ ಹೋಗಿ ಓದಿ ಹೇಳುತ್ತೇನೆ. ಅಂದು “ಬರಸೀನಿ” ಎಂದಿದ್ದೆ. ಇಂದು ಬರೆದಿದ್ದೇನೆ.

ಇಂತಿ,
ತನ್ನ ಗಾಡಿಯನ್ನಷ್ಟೇ ಬಿಡಿಸಿಕೊಂಡು ಬಂದ
ಶಿವಪ್ರಕಾಶ, ಪುಣೆ