ದಪ್ಪ ಗೆರೆಯ ಹೊಳೆ

ಗುರುವಾರ, ಮಧ್ಯಾಹ್ನ

ಎಡಹೊಳೆಯ ಏಕೈಕ ವಕೀಲರೂ ನನ್ನ ಯಜಮಾನರೂ ಆದವರಿಗೆ,

ನಾನಿಲ್ಲಿ ಗುಂಡುಕಲ್ಲಿನ ಹಾಗೆ ಚೆನ್ನಾಗಿದ್ದೇನೆ. ಇದು ಬರೀ ಕಚೇರಿಯ ಪತ್ರ, ಬೇರೆ ಅರ್ಥ ಮಾಡಿಕೊಳ್ಳಬೇಡಿ.

ನಕ್ಷೆ ಇನ್ನೂ ಅಚ್ಚಿಗೆ ಹೋಗಿಲ್ಲ. ಮುಖ್ಯ ನದಿಗೆ ದಪ್ಪ ಗೆರೆ, ಉಪನದಿಗೆ ಸಣ್ಣ ಗೆರೆ ಎನ್ನುವುದು ನಕ್ಷೆ ಬರೆಯುವ ನಮ್ಮಿಬ್ಬರಿಗೂ ಗೊತ್ತು. ಆದರೂ ಸಂಗಮದ ಮೇಲ್ಗಡೆ ನೀವು ನಿಮ್ಮೂರಿನ ಎಡಹೊಳೆಗೆ ದಪ್ಪ ಗೆರೆ ಎಳೆದಿರಿ, ನಾನು ನನ್ನ ತವರಿನ ಬಲಹೊಳೆಗೆ ಎಳೆದೆ. ಒಂದೇ ನಕ್ಷೆಯಲ್ಲಿ ಎರಡು ದಪ್ಪ ಕಾಲು ಕಂಡ ಸಾಹೇಬರು, ಇದೇನು ನದಿಯೋ ಪ್ಯಾಂಟೋ ಎಂದು ಕೇಳಿದರು. ನೀವು ಅಳತೆಯ ಟೇಪು ಹೆಗಲಿಗೇರಿಸಿ, ಸಾಕ್ಷಿ ತರುತ್ತೇನೆಂದು ಸಂಗಮಕ್ಕೆ ಹೋಗಿ ಕೋಣೆ ಹಿಡಿದುಬಿಟ್ಟಿರಿ. ಕಚೇರಿಯ ಜಗಳಕ್ಕೆ ಮನೆ ಬಿಟ್ಟ ಗಂಡಸು ನೀವೊಬ್ಬರೇ ಇರಬೇಕು.

ನಿಮ್ಮ ಹೊಳೆ ಉದ್ದ ಇರಬಹುದು. ಒಂದೊಂದು ತಿರುವಿಗೂ ದಾರ ಹಾಸಿ ಅಳೆದರೆ ನಮ್ಮ ಬೀದಿಯ ಚರಂಡಿಯೂ ಹೆಬ್ಬೊಳೆಯಾದೀತು! ನೀರು ಯಾವುದರಲ್ಲಿ ಹೆಚ್ಚು, ಅದನ್ನು ಹೇಳಿ. ಬೇಸಿಗೆಯಲ್ಲಿ ನಿಮ್ಮ ಹೊಳೆಗೆ ಒಂದು ಎಮ್ಮೆ ಅಡ್ಡ ಮಲಗಿದರೆ ಹರಿವೇ ನಿಂತುಹೋಗುತ್ತದೆ.

ಕೊನೆಗೆ ಅತ್ತೆಯನ್ನೇ ನ್ಯಾಯ ಹೇಳಲು ಕೂರಿಸಿದೆ. ಎಡಹೊಳೆಯ ದಂಡೆಯಲ್ಲೇ ಬಾಳಿದವರು, ಹೆತ್ತ ಮಗನ ಪರ ನಿಲ್ಲುತ್ತಾರೆ ಅಂದುಕೊಂಡಿದ್ದೆ. ಅವರು, "ಎರಡೂ ಕೂಡಿದ್ಮೇಲೆ ಯಾವ ನೀರು ಯಾರ್ದು ಅಂತ ಕೊಡದಲ್ಲಿ ಎತ್ತಿ ತೋರ್ಸಿ ನೋಡೋಣ. ಇಬ್ರಿಗೂ ತಲೆ ಕೆಟ್ಟಿದೆ" ಎಂದು ಗದರಿ ಒಳಗೆ ಹೋದರು. ನನಗೆ ಸಿಟ್ಟು ಬಂತು, ಆಮೇಲೆ ಅಳು ಬಂತು. ಅಳು ಬಂದದ್ದು ಈರುಳ್ಳಿಯಿಂದ.

ಸೋಮವಾರದೊಳಗೆ ಇಬ್ಬರೂ ಒಂದೇ ನಕ್ಷೆಗೆ ಸಹಿ ಹಾಕದಿದ್ದರೆ ಸಾಹೇಬರು ಕೆಲಸವನ್ನು ಬೇರೆಯವರಿಗೆ ಕೊಡುತ್ತಾರಂತೆ. ಕೊಟ್ಟುಕೊಳ್ಳಲಿ. ನನ್ನ ಚಿಂತೆ ಅದಲ್ಲ. ಎದುರಿನ ಮೇಜಿನಲ್ಲಿ ನೀವು ಕೂತು ಗೊಣಗದಿದ್ದರೆ ನನಗೆ ಒಂದು ಹಳ್ಳವನ್ನೂ ನೆಟ್ಟಗೆ ಬರೆಯಲು ಆಗುತ್ತಿಲ್ಲ. ಮನೆಯಲ್ಲೂ ಅಷ್ಟೇ. ನೀವಿಲ್ಲದೆ ನನಗೆ ಬೇಜಾರು, ತುಂಬಾ ಬೇಜಾರು. ಕಚೇರಿಯ ವಿಷಯ ಇಷ್ಟೇ.

ಇಂತಿ,
ಬಲಹೊಳೆಯ ಮಗಳು, ಎಡಹೊಳೆಯ ಸೊಸೆ

ವಿ.ಸೂ.: ಈ ಪತ್ರಕ್ಕೆ ಅಂಚೆಚೀಟಿ ಇಲ್ಲ, ಇದು ನಿಮ್ಮ ಬಾಗಿಲ ಸಂದಿಯಿಂದ ಒಳಗೆ ಬಂತು ಎಂಬುದನ್ನು ಇಷ್ಟು ಹೊತ್ತಿಗೆ ಗಮನಿಸಿರುತ್ತೀರಿ. ಹೊರಗೆ ನಾನೂ ಅತ್ತೆಯೂ ನಿಂತಿದ್ದೇವೆ. ಅತ್ತೆಗೆ ಮಂಡಿನೋವು. ನನ್ನ ಮೇಲೆ ಸಿಟ್ಟಿದ್ದರೆ ಅವರಿಗಾದರೂ ಬಾಗಿಲು ತೆಗೆಯಿರಿ, ಅವರ ಹಿಂದೆಯೇ ನಾನೂ ನುಗ್ಗಿಬಿಡುತ್ತೇನೆ.