ಕುಂಕುಮ ಮೆತ್ತಿದ ಕ್ಯಾಸೆಟ್

ಕೊಡಿಗೇಹಳ್ಳಿ, ಬೆಂಗಳೂರು
೨೩ ನವೆಂಬರ್ ೨೦೨೫, ಭಾನುವಾರ

ನನ್ನ ರಕ್ಷಾ ಪುಟ್ಟಿಗೆ,

ನಿನ್ನ ರಮಮ್ಮ ನೆತ್ತಿ ಸವರಿ ಬರೆಯುತ್ತಿರುವ ಕಾಗದ. ಇಲ್ಲಿ ನಾನು, ದೊಡ್ಡಪ್ಪ, ಅಜ್ಜಿ ಮೂವರೂ ಚೆನ್ನಾಗಿದ್ದೇವೆ. ಹೊಸದುರ್ಗದಲ್ಲಿ ನೀವೂ ಚೆನ್ನಾಗಿದ್ದೀರಿ ಎಂದು ನಿನ್ನಮ್ಮ ಹೇಳುತ್ತಿರುತ್ತಾಳೆ. ದೀಪಾವಳಿಗೆ ನೀನು ಕೇಳಿದ, ಕೈಯಲ್ಲಿ ಹಿಡಿದು ಆಡುವ ನಿನ್ನ ಆ ವಿಡಿಯೋ ಗೇಮ್ ಈಗ, ಒಂದು ತಿಂಗಳ ಮೇಲೆ, ಈ ಪಾರ್ಸಲ್ಲಿನಲ್ಲಿ ಬರುತ್ತಿದೆ. ಬೇಕೆಂದು ತಡ ಮಾಡಲಿಲ್ಲ ಮಗಳೇ. ನಡೆದದ್ದನ್ನು ಬರೆಯುತ್ತೇನೆ, ಓದಿ ಆಮೇಲೆ ಬೈಯಬಹುದು.

ಮೇ ತಿಂಗಳಲ್ಲಿ ಇಲ್ಲಿಂದ ಅಮ್ಮನ ಜೊತೆ ಹೋದವಳು ನೀನು ಒಂದು ಸಲವೂ ಫೋನಿಗೆ ಬಂದಿಲ್ಲ. ಅಮ್ಮ ಕರೆದಾಗಲೆಲ್ಲ ಸ್ನಾನ, ಹೋಂವರ್ಕ್, ತಲೆನೋವು ಎನ್ನುತ್ತೀಯಂತೆ. ದೀಪಾವಳಿಯ ದಿನ ಅವಳ ಫೋನಿನಿಂದ ಒಂದೇ ಒಂದು ಸಾಲು ಬಂತು, ಗೇಮ್ ಕಳಿಸಿ, ನಾನ್ ಆಡಿದ್ ಸೇವ್ ಹಂಗೇ ಇರ್ಬೇಕು ಅಂತ. ಅದನ್ನು ಬರೆದವಳು ನೀನೇ ಎಂದು ಯಾರೂ ಹೇಳಬೇಕಾಗಿರಲಿಲ್ಲ. ತೋಳು ಕೂಡಿಸುತ್ತಿದ್ದ ಬ್ಲೌಸನ್ನು ಮಿಷನ್ನಿನಲ್ಲೇ ಬಿಟ್ಟು ಆ ಸಾಲನ್ನು ಎಷ್ಟು ಸಲ ಓದಿದೆನೋ. ಐದು ತಿಂಗಳಲ್ಲಿ ನೀನು ನನ್ನನ್ನು ಕೇಳಿದ್ದು ಅದೊಂದೇ. ಅದನ್ನೂ ಸರಿಯಾಗಿ ಕೊಡದೆ ಹೋದರೆ ಇನ್ನೇನನ್ನೂ ನೀನು ಕೇಳುವುದಿಲ್ಲ ಎಂದು ನನಗೆ ಭಯವಾಯಿತು.

ಭಯಕ್ಕೆ ಕಾರಣವಿತ್ತು. ಗೇಮನ್ನು ನಾನು ಆಗಲೇ ಕೆಡಿಸಿಟ್ಟಿದ್ದೆ.

ಆಯುಧಪೂಜೆಯ ದಿನ ಅಂಗಡಿಯ ಎರಡು ಮಿಷನ್ನು, ಕತ್ತರಿಗಳು, ಇಸ್ತ್ರಿಪೆಟ್ಟಿಗೆ ಎಲ್ಲವನ್ನೂ ಒರೆಸಿ ಗಂಧ ಕುಂಕುಮ ಇಟ್ಟೆ. ದೊಡ್ಡಪ್ಪ ಟೆಂಪೋಗೆ ಹಾರ ಹಾಕುತ್ತಿದ್ದರು. ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ಮೇಲ್ವಿಚಾರಣೆ ಮಾಡುತ್ತಿದ್ದ ನಿಮ್ಮಜ್ಜಿ ಮುನಿಗಂಗಮ್ಮನವರು ಸುಮ್ಮನಿರಬೇಕಲ್ಲ. "ಮಗೀಂದೂ ಒಂದ್ ಮಿಸೀನ್ ಐತಲ್ಲವ್ವಾ, ಅದ್ಯಾಕೆ ಇಂಗೆ ಅನಾಥವಾಗಿ ಬಿದ್ದೈತೆ? ಅದ್ಕೂ ಒಂದ್ ಬೊಟ್ಟು ಇಕ್ಕು" ಎಂದರು. ನನಗೂ ಹೌದೆನ್ನಿಸಿತು. ನಿನ್ನ ಪುಸ್ತಕದ ಕಪಾಟಿನಿಂದ ಗೇಮನ್ನು ತೆಗೆದು, ಆಟ ತುಂಬಿರುವ ಆ ಪುಟ್ಟ ಕ್ಯಾಸೆಟ್ಟನ್ನು ಅದರಿಂದ ಬಿಚ್ಚಿ, ತಟ್ಟೆಯಲ್ಲಿಟ್ಟೆ. ಕ್ಯಾಸೆಟ್ಟಿನ ಕೆಳಗಡೆ ಚಿನ್ನದ ಬಣ್ಣದ ಹಲ್ಲುಗಳ ಸಾಲು ಹೊಳೆಯುತ್ತಿತ್ತು. ಅದೇ ಮುಖವಿರಬೇಕು ಅಂದುಕೊಂಡು ಅಲ್ಲಿಗೇ ಒದ್ದೆ ಗಂಧ, ಅದರ ಮೇಲೆ ಕುಂಕುಮ ಮೆತ್ತಿ, ತೀರ್ಥ ಬೇರೆ ಚಿಮುಕಿಸಿದೆ. ಭಕ್ತಿ ಹೆಚ್ಚಾಗಿತ್ತು. ನೀನಿದ್ದಿದ್ದರೆ ಕೂಗಿಕೊಂಡು ಕಿತ್ತುಕೊಳ್ಳುತ್ತಿದ್ದೆ.

ನಿನ್ನ ಸಾಲು ಬಂದಮೇಲೆ ಹಾಕಿ ನೋಡಿದರೆ ಬರೀ ಬಿಳೀ ಪರದೆ. ಊದಿದೆ, ಸೆರಗಿನಿಂದ ಒರೆಸಿದೆ, ಇನ್ನಷ್ಟು ಊದಿದೆ. ದೊಡ್ಡಪ್ಪ ನೋಡಿ, ಹೋಗ್ಲಿ ಬಿಡು, ಹೊಸದೇ ಕೊಡಿಸೋಣ ಎಂದರು. ಅವಳು ಹೊಸದು ಕೇಳಿಲ್ಲ ಎಂದೆ. ನೀನು ಹೋದಮೇಲೆ ಅವರು ಯಶವಂತಪುರದ ಯಾರ್ಡಿನಿಂದ ಬೇಗ ಮನೆಗೆ ಬರುವುದನ್ನೇ ಬಿಟ್ಟಿದ್ದಾರೆ. ಲೋಡು ಇಳಿಸಿದ ಮೇಲೂ ಅಲ್ಲೇ ಕೂತಿರುತ್ತಾರಂತೆ.

ಆರ್.ಟಿ. ನಗರದ ಮುಜಫ್ಫರ್ ನೆನಪಿದ್ದಾರಲ್ಲ, ನಿನ್ನ ಎಂಟನೇ ಹುಟ್ಟುಹಬ್ಬಕ್ಕೆ ಈ ಗೇಮನ್ನು ರಿಪೇರಿ ಮಾಡಿ ಕೊಟ್ಟವರು. ಮಾರನೆಯ ದಿನವೇ ಅಂಗಡಿಗೆ ಬೀಗ ಹಾಕಿ ಅಲ್ಲಿಗೆ ಹೋದೆ. ಹೆಬ್ಬಾಳದಲ್ಲಿ ಬಸ್ಸು ಮುಕ್ಕಾಲು ಗಂಟೆ ನಿಂತಿತ್ತು. ಅವರು ಕ್ಯಾಸೆಟ್ಟಿನ ಹಲ್ಲುಗಳನ್ನು ಲೆನ್ಸಿನಲ್ಲಿ ನೋಡಿ, ಇದಕ್ಕೆ ಅರಿಶಿನ ಮಾತ್ರ ಯಾಕೆ ಬಿಟ್ರಿ ಎಂದು ಕೇಳಿದರು. ಸುತ್ತ ಇದ್ದವರೆಲ್ಲ ನಕ್ಕರು, ನಾನೂ ನಕ್ಕೆ. ಆಮೇಲೆ ಅವರು ಸಣ್ಣ ಸ್ಕ್ರೂ ಬಿಚ್ಚಿ ಒಳಗೆ ತೋರಿಸಿ ಹೇಳಿದ ಮಾತಿಗೆ ನನ್ನ ನಗು ನಿಂತುಹೋಯಿತು.

"ಅಕ್ಕಾ, ಈ ಸೆಲ್ ಇರೋವರ್ಗೂನೇ ಮಗು ಆಡಿದ್ದು ಇದ್ರಲ್ಲಿ ನೆನಪಿರೋದು. ಸೆಲ್ಲು ಈಗ್ಲೋ ಆಗ್ಲೋ ಅಂತೈತೆ. ನಾನ್ ಇದನ್ನ ಕಿತ್ತು ಹೊಸದು ಹಾಕಿದ್ರೆ ಗೇಮ್ ಬರುತ್ತೆ, ಮಗು ಆಡಿದ್ದು ಹೋಗುತ್ತೆ. ಯಾವ್ದು ಬೇಕು ಹೇಳಿ."

ಅವಳು ಆಡಿದ್ದೇ ಬೇಕು ಎಂದೆ. ಗೇಮ್ ಬೇಕಾದರೆ ಹಾಳಾಗಿ ಹೋಗಲಿ.

ಹಾಗಾದರೆ ಸೆಲ್ ಮುಟ್ಟುವ ಮೊದಲು ಒಳಗಿರುವುದನ್ನೆಲ್ಲ ಕಂಪ್ಯೂಟರಿಗೆ ಎತ್ತಿಕೊಂಡು, ಅದನ್ನು ಬೇರೆ ಥರದ ಒಂದು ಕ್ಯಾಸೆಟ್ಟಿಗೆ ಹಾಕಬೇಕು ಎಂದರು. ಅದಕ್ಕೆ ಫ್ಲ್ಯಾಶ್ ಕಾರ್ಟ್ ಅನ್ನುತ್ತಾರೆ. ನೋಡಲು ನಿನ್ನ ಹಳೆಯದರ ಹಾಗೇ ಇದೆ. ಆದರೆ ತಲೆಯಲ್ಲಿ ಒಂದು ಸಂದು, ಅದರೊಳಗೆ ಫೋನಿಗೆ ಹಾಕುವಂಥ ಮೆಮೊರಿ ಕಾರ್ಡ್. ಕಾರ್ಡಿನಲ್ಲಿ ಇರುವುದನ್ನು ಅದು ಗೇಮಿಗೆ ಓದಿ ಹೇಳುತ್ತದೆ. ಅಂಥದ್ದನ್ನು ತರಿಸಲು ಎರಡು ವಾರ ಹಿಡಿಯಿತು.

ಈ ಮಧ್ಯೆ ಅವರು ಹಳೆಯದರ ಹಲ್ಲುಗಳನ್ನು ರಬ್ಬರಿನಿಂದ ಉಜ್ಜಿ, ಸ್ಪಿರಿಟ್ ಹಚ್ಚಿ, ಒಂದು ಡಬ್ಬಿಯಂಥದ್ದಕ್ಕೆ ಸಿಕ್ಕಿಸಿ ಕಂಪ್ಯೂಟರಿಗೆ ಜೋಡಿಸಿದರು. ಮೊದಲ ದಿನ ಏನೂ ಬರಲಿಲ್ಲ. ಎರಡನೆಯ ದಿನವೂ ಇಲ್ಲ. ನಾನು ಮನೆಗೆ ಬಂದು ಒಂದು ಗಿರಾಕಿಯ ರೇಷ್ಮೆ ಬ್ಲೌಸಿಗೆ ಎರಡೂ ಎಡತೋಳೇ ಕತ್ತರಿಸಿಟ್ಟೆ. ಮೂರನೆಯ ದಿನ ಮಧ್ಯಾಹ್ನ ಮುಜಫ್ಫರ್ ಫೋನ್ ಮಾಡಿ, ಅಕ್ಕಾ, ಪೂರ್ತಿ ಬಂತು ಅಂದರು. ನಾನು ಇಂಟರ್‌ಲಾಕ್ ಮಿಷನ್ನಿನ ಮೇಲೆ ತಲೆಯಿಟ್ಟು ಅತ್ತೆ. ಅಜ್ಜಿ ಗಾಬರಿಯಾಗಿ, ಯಾರ್ ಓಗ್ಬಿಟ್ರು ಎಂದು ಕೇಳಿದರು.

ಹೊಸ ಕ್ಯಾಸೆಟ್ ಬಂದಮೇಲೆ ಅವರೇ ಐದು ನಿಮಿಷದಲ್ಲಿ ಎಲ್ಲ ಮಾಡಿಕೊಡುತ್ತಿದ್ದರು. ನಾನು ಬೇಡ, ನನಗೆ ಹೇಳಿಕೊಡಿ, ನಾನೇ ಮಾಡುತ್ತೇನೆ ಎಂದೆ. ಯಾಕೆಂದರೆ ಮುಂದೆ ಅದು ಕೈಕೊಟ್ಟರೆ ಕೇಳಲು ನಿನಗೆ ಯಾರಾದರೂ ಬೇಕು. ಹೊಸದುರ್ಗದಲ್ಲಿ ಯಾರಿಗೆ ಗೊತ್ತಿರುತ್ತದೆ? ಆಗ ನೀನು ನನ್ನನ್ನೇ ಕೇಳಬೇಕಾಗುತ್ತದೆ. ನನ್ನ ಲೆಕ್ಕಾಚಾರ ಅಷ್ಟೇ, ಮುಚ್ಚಿಟ್ಟು ಏನು ಮಾಡಲಿ.

ನಾಲ್ಕು ಮಧ್ಯಾಹ್ನ ಅವರ ಅಂಗಡಿಯ ಸ್ಟೂಲಿನ ಮೇಲೆ ಕೂತು ಕಲಿತೆ. ಮೊದಲು ಕಾರ್ಡನ್ನು ಫಾರ್ಮ್ಯಾಟ್ ಮಾಡಬೇಕು, ಅಂದರೆ ಹಳೆಯದೆಲ್ಲ ತೊಳೆದು ಈ ಕ್ಯಾಸೆಟ್ಟಿಗೆ ಅರ್ಥವಾಗುವ ಹಾಗೆ ಖಾನೆ ಹಾಕಬೇಕು. ಆಮೇಲೆ ಅದರದೇ ಒಂದು ಫೋಲ್ಡರ್, ಅದಿಲ್ಲದಿದ್ದರೆ ಕ್ಯಾಸೆಟ್ ಏಳುವುದೇ ಇಲ್ಲ. ಆಮೇಲೆ ನಿನ್ನ ಗೇಮು, ಅದರ ಪಕ್ಕದಲ್ಲಿ ನೀನು ಆಡಿದ ಸೇವ್. ನಾನೇ ಎಲ್ಲ ಮಾಡಿ, ಆನ್ ಮಾಡಿದೆ. ಗೇಮ್ ಬಂತು. ಆದರೆ ಆಟದಲ್ಲಿ ನೀನು ತೋಟ ಮಾಡಿದ್ದ ದ್ವೀಪ ಖಾಲಿ. ಮನೆಯಿಲ್ಲ, ಬೇಲಿಯಿಲ್ಲ, ಹಸುಗಳಿಲ್ಲ, ಹೊಸ ಆಟ ಶುರು ಮಾಡುತ್ತೀರಾ ಎಂದು ಕೇಳುತ್ತಿದೆ.

ಮುಜಫ್ಫರ್ ಕಾರ್ಡ್ ತೆಗೆದು ನೋಡಿದರು. ನಾನೇನು ಮಾಡಿದ್ದೆ ಗೊತ್ತೇ? ಗಿರಾಕಿಗಳ ಬಟ್ಟೆಗಂಟಿಗೆ ಹೆಸರಿನ ಚೀಟಿ ಸಿಕ್ಕಿಸುವ ಅಭ್ಯಾಸ ನನ್ನದು. ಗೇಮಿನ ಫೈಲಿಗೂ ಹಾಗೇ ಹಳೇ ಹೆಸರು ತೆಗೆದು ರಕ್ಷಾ ಎಂದು ಹೆಸರಿಟ್ಟುಬಿಟ್ಟಿದ್ದೆ, ಬೇರೆಯವರದರ ಜೊತೆ ಕಲೆಯದಿರಲಿ ಎಂದು. ಸೇವಿಗೆ ಹಳೇ ಹೆಸರೇ ಇತ್ತು. ಎರಡರ ಹೆಸರೂ ಒಂದೇ ಆಗಿದ್ದರೆ ಮಾತ್ರ ಕ್ಯಾಸೆಟ್ ಸೇವನ್ನು ಹುಡುಕಿಕೊಳ್ಳುತ್ತದಂತೆ. ಸೇವಿಗೂ ನಿನ್ನ ಹೆಸರೇ ಇಟ್ಟೆ. ಮತ್ತೆ ಹಾಕಿದಾಗ ನಿನ್ನ ಮನೆ, ಕುಂಬಳಬಳ್ಳಿ, ಬಿಳಿ ನಾಯಿ, ನೀನು ಗಂಗಮ್ಮ ಎಂದು ಹೆಸರಿಟ್ಟ ಆ ದಪ್ಪ ಹಸು ಎಲ್ಲ ಇದ್ದವು. ಮನೆಗೆ ತಂದು ಅಜ್ಜಿಗೆ ತೋರಿಸಿದೆ. ತಮ್ಮ ಹೆಸರಿನ ಹಸು ಇನ್ನೂ ಬದುಕಿದೆ ಎಂದು ಅವರಿಗೆ ಸಮಾಧಾನ. ಗೊತ್ತಿಲ್ಲದೆ ಒಂದು ಬಟನ್ ಒತ್ತಿ ಅದಕ್ಕೆ ಹುಲ್ಲು ಹಾಕಿಬಿಟ್ಟೆ. ಬೇರೆ ಏನನ್ನೂ ಮುಟ್ಟಿಲ್ಲ.

ಈಗ ನೀನು ಮಾಡಬೇಕಾದದ್ದು. ಕ್ಯಾಸೆಟ್ ಒಳಗೇ ಇದೆ, ಆನ್ ಮಾಡು. ಒಂದು ಪಟ್ಟಿ ಬರುತ್ತದೆ, ಅದರಲ್ಲಿ ನಿನ್ನ ಹೆಸರು ಒಂದೇ ಇದೆ, ಅದನ್ನು ಒತ್ತು. ಆಟದಲ್ಲಿ ಸೇವ್ ಮಾಡಿದ ಕೂಡಲೇ ಆಫ್ ಮಾಡಬೇಡ. ಮೇಲಿನ ಎರಡು ಬಟನ್ನೂ ಸ್ಟಾರ್ಟೂ ಒಟ್ಟಿಗೆ ಒತ್ತಿ ಪಟ್ಟಿಗೆ ವಾಪಸ್ ಬಂದರೆ ಆಗ ಅದು ಕಾರ್ಡಿಗೆ ಬರೆದುಕೊಳ್ಳುತ್ತದೆ. ಆಮೇಲೆ ಆಫ್. ನಿನಗೆ ಊಟಕ್ಕೆ ಕರೆದಾಗ ಪಟ್ಟನೆ ಆಫ್ ಮಾಡಿ ಓಡಿ ಬರುವ ಅಭ್ಯಾಸ, ಅದಕ್ಕೇ ಇಷ್ಟು ಬರೆದೆ. ಈಗಲೂ ಹಾಗೇ ಓಡಿ ಬರುತ್ತೀಯಾ?

ಓಡಿ ಬರುವುದಿಲ್ಲವಂತೆ. ನಿನ್ನಮ್ಮ ಹೇಳಿದಳು. ಕರೆದರೆ ಬಂದು, ಬಡಿಸಿದಷ್ಟು ಉಂಡು, ತಟ್ಟೆ ತೊಳೆದಿಟ್ಟು ಹೋಗುತ್ತಾಳೆ, ನೆಂಟರ ಮನೆಗೆ ಬಂದವಳ ಥರ ಇದ್ದಾಳೆ ಅಕ್ಕಾ ಎಂದು ಅತ್ತಳು. ಸಂಯುಕ್ತಾ ನನ್ನ ತಂಗಿಯೆಂದು ಹೇಳುವುದಲ್ಲ ಪುಟ್ಟಿ, ಅವಳು ನಿನ್ನನ್ನು ಬೇಡವೆಂದು ಇಲ್ಲಿ ಬಿಟ್ಟವಳಲ್ಲ. ನಿನಗೆ ಒಂದೂವರೆ ವರ್ಷವಾಗಿದ್ದಾಗ ಅವಳಿಗೆ ಸಿಂಧನೂರಿನ ಕಡೆ ನರ್ಸ್ ಕೆಲಸ ಸಿಕ್ಕಿತು, ನಿನ್ನಪ್ಪನಿಗೆ ಇನ್ನೆಲ್ಲೋ ಲೈನ್‌ಮನ್ ಕೆಲಸ. ರಾತ್ರಿ ಪಾಳಿಯಲ್ಲಿ ಮಗುವನ್ನು ಎಲ್ಲಿಡುವುದು ಎಂದು ಆರು ತಿಂಗಳಿಗೆ ನನ್ನ ಮಡಿಲಿಗೆ ಹಾಕಿದಳು. ನನಗೆ ಮಕ್ಕಳಿರಲಿಲ್ಲ. ಆರು ತಿಂಗಳು ಹತ್ತು ವರ್ಷವಾದದ್ದರಲ್ಲಿ ನನ್ನ ಆಸೆಯೂ ಸೇರಿತ್ತು. ಅವಳು ಕರೆದುಕೊಂಡು ಹೋಗಲು ಬಂದಾಗಲೆಲ್ಲ ಶಾಲೆ ತಪ್ಪುತ್ತದೆ, ಚಳಿಗಾಲ ಕಳೆಯಲಿ ಎಂದು ನೆಪ ಹೇಳಿ ಕಳಿಸಿದವಳು ನಾನು. ಈಗ ಇಬ್ಬರಿಗೂ ಒಂದೇ ಊರಿನಲ್ಲಿ ಕೆಲಸ, ಮನೆಯೂ ಸಿಕ್ಕಿದೆ. ಅವಳ ಮಗು ಅವಳಿಗೆ ಬೇಕು. ಅವಳ ತಪ್ಪೇನೂ ಇಲ್ಲ. ಅವಳ ಪಕ್ಕದಲ್ಲಿ ಕೂತು ಈ ತೋಟವನ್ನು ತೋರಿಸು, ಅವಳಿಗೂ ಆಡಲು ಕೊಡು.

ಇಲ್ಲಿನ ಸುದ್ದಿ ಹೆಚ್ಚೇನಿಲ್ಲ. ನಿನ್ನ ಸೈಕಲ್ಲಿಗೆ ದೊಡ್ಡಪ್ಪ ಗಾಳಿ ಹೊಡೆಸುತ್ತಿರುತ್ತಾರೆ. ಪಾರ್ಸಲ್ಲಿನಲ್ಲಿ ಎರಡು ಚೂಡಿದಾರ ಇಟ್ಟಿದ್ದೇನೆ. ಅಳತೆ ಮೇ ತಿಂಗಳದ್ದು, ನೀನು ಬೆಳೆದಿರುತ್ತೀಯ ಎಂದು ಒಳಗೆ ಎರಡು ಇಂಚು ಬಟ್ಟೆ ಬಿಟ್ಟಿದ್ದೇನೆ. ಎಷ್ಟು ಎತ್ತರವಾಗಿದ್ದೀಯೋ ನನಗೆ ಗೊತ್ತಿಲ್ಲ. ಅದು ಗೊತ್ತಿಲ್ಲದೆ ಬಟ್ಟೆ ಕತ್ತರಿಸುವುದು ನನಗೆ ಬಹಳ ಕಷ್ಟವಾಯಿತು.

ಚೆನ್ನಾಗಿ ಉಣ್ಣು, ನಿದ್ದೆ ಮಾಡು, ಕಣ್ಣು ನೋಯುವಷ್ಟು ಆಡಬೇಡ. ನೀನು ಎಲ್ಲಿದ್ದರೂ ನಗುನಗುತ್ತಾ ನೂರು ವರ್ಷ ಬಾಳು ತಾಯಿ.

ನಿನ್ನ,
ರಮಮ್ಮ

ಮರೆತ ಮಾತು: ಮರೆತದ್ದಲ್ಲ, ಬರೆಯಲು ಧೈರ್ಯ ಬರಲಿಲ್ಲ. ನೀನು ಯಾಕೆ ಫೋನಿಗೆ ಬರುವುದಿಲ್ಲ ಎಂದು ನನಗೆ ಗೊತ್ತು. ಆ ದಿನ ಕಾರು ಬಂದು ನಿಂತಾಗ ನೀನು ಕಿಟಕಿಯ ಕಂಬಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, ರಮಮ್ಮ ನಾನು ಬೇಡ ಅಂದ್ರೆ ಮಾತ್ರ ಹೋಗ್ತೀನಿ ಎಂದು ಕೂತುಬಿಟ್ಟೆ. ನಿನ್ನಮ್ಮ ಬಾಗಿಲಲ್ಲಿ ನಿಂತು ಅಳುತ್ತಿದ್ದಳು. ನಾನು, "ನಂಗೆ ಸಾಕಾಗಿದೆ ಕಣೇ, ನಿನ್ನ ಕರ್ಕೊಂಡ್ ಹೋಗಿ ಅಂತ ನಾನೇ ಫೋನ್ ಮಾಡಿದ್ದು" ಎಂದೆ. ನೀನು ಆ ಕ್ಷಣವೇ ಕಂಬಿ ಬಿಟ್ಟು, ತಿರುಗಿ ನೋಡದೆ ಹೋಗಿ ಕಾರಿನಲ್ಲಿ ಕೂತೆ. ಅದು ಸುಳ್ಳು ರಕ್ಷಾ. ನಾನು ಫೋನ್ ಮಾಡಿದ್ದು ನಿಜ, ಮೂರು ಸಲ ಮಾಡಿದ್ದೆ. ಇನ್ನೊಂದು ವರ್ಷ ಇಲ್ಲೇ ಬಿಡು ಎಂದು ನಿನ್ನಮ್ಮನನ್ನು ಬೇಡಿಕೊಳ್ಳಲು. ನನಗೆ ನೀನು ಯಾವತ್ತೂ ಸಾಕಾಗಿರಲಿಲ್ಲ, ಈಗಲೂ ಆಗಿಲ್ಲ. ಕೋಪ ಬಂದರೆ ಬರಲಿ. ಬೈಯುವುದಕ್ಕಾದರೂ ಒಂದು ಸಲ ಫೋನ್ ಮಾಡು.