ಕಾಡುಕಾಫಿಯ ಬೇಲಿ

ಅಕ್ಕಾ,

ಪೋರ್ಟ್ ಲೂಯಿಯಲ್ಲಿರುವ ಸಮಸ್ತ ಬಂಧುಬಳಗಕ್ಕೆ ಈ ಮೂಲಕ ಘೋಷಿಸುವುದೇನೆಂದರೆ, ನಮ್ಮ ಯಜಮಾನರು ಒಂದು ಸೀಬೆಗಿಡಕ್ಕೆ ಮುಳ್ಳುತಂತಿಯ ಬೇಲಿ ಹಾಕಿದ್ದಾರೆ. ತಲೆ ಕೆಟ್ಟಿಲ್ಲ. ಈ ರಾಡ್ರಿಗ್ಸ್ ದ್ವೀಪದ ಕಾಡಿನಲ್ಲಿ ಉಳಿದಿರುವ ಒಂದೇ ಒಂದು ಕಾಡುಕಾಫಿ ಗಿಡಕ್ಕೆ ಇವರೇ ಕಾವಲು. ಅದರ ಎಲೆಯ ಕಷಾಯ ಹಿಂದಿನ ರಾತ್ರಿಯ ರಮ್ ಇಳಿಸುತ್ತದೆ ಎಂಬುದು ಇಲ್ಲಿನವರ ವೇದವಾಕ್ಯ. ಬೇಲಿ ಎತ್ತರಿಸಿದಷ್ಟೂ ಔಷಧಿ ಜೋರಿರಬೇಕೆಂದು ಹಾರಿ ಬಂದು ಎಲೆ ಕಿತ್ತೊಯ್ಯುತ್ತಾರೆ. ಈಗ ಹೂ ಬಿಟ್ಟಿದೆ. ಕಾಯಿ ಕಟ್ಟದಿದ್ದರೆ ಅದರ ವಂಶವೇ ಮುಗಿಯಿತು. ಅಷ್ಟರಲ್ಲಿ ಪಕ್ಕದ ಮನೆಯಲ್ಲಿ ಮದುವೆ, ಊರಿಗೆಲ್ಲ ರಮ್! ಅದಕ್ಕೇ ಕಾಡುಕಾಫಿಯ ಬೇಲಿ ಕಿತ್ತು ಸೀಬೆಗೆ ಹಾಕಿದೆವು.

ಮದುವೆಯ ಮರುದಿನ ಮದುಮಗಳ ಅಪ್ಪ ಒನೇಸಿಮ್ ಮಾವ ಮುಳ್ಳುತಂತಿಗೆ ಪ್ಯಾಂಟು ಹರಿದುಕೊಂಡು ಬಂದ.

“ತಲೆನೋವು ಹೋಯ್ತಾ ಮಾವಾ?”

“ಹೋಗ್ದೆ ಏನವ್ವಾ! ಬೇಲಿ ಇಲ್ದಿರೋ ಗಿಡಕ್ಕೆ ಇಂಥಾ ಶಕ್ತಿ ಎಲ್ಲಿಂದ ಬರ್ಬೇಕು?”

ಸೀಬೆ ಬೋಳಾಗಿದೆ. ಕಾಡುಕಾಫಿಯ ಒಂದೆಲೆಯೂ ಅಲುಗಿಲ್ಲ. ನನಗೆ ನೆಗಡಿ, ಅದು ಬಿಟ್ಟರೆ ಸುಖ. ಹಡಗು ಕೂಗುತ್ತಿದೆ, ನಿಲ್ಲಿಸುತ್ತೇನೆ.

ನಿನ್ನ ತಂಗಿ,
ಮರ್ಲೇನ್

ಹೇಳಲು ಮರೆತೆ: ಬರುವ ಭಾನುವಾರ ಊರಲ್ಲಿ ಒಂದು ಮಗುವಿನ ಜ್ಞಾನಸ್ನಾನವಿದೆ, ಇನ್ನೊಂದು ಸೀಬೆ ನೋಡಿಟ್ಟಿದ್ದೇವೆ. ತಿರುಗಿ ಬರುವ ಹಡಗಿನಲ್ಲಿ ಅದರ ಬೇಲಿಗೆ ಒಂದು ದೊಡ್ಡ ಬೀಗ ಕಳಿಸು. ಕೀಲಿ ಕಳೆದಿದ್ದರೂ ಪರವಾಗಿಲ್ಲ.